ಪಾಠ ಬೇಕು, ಕಲಿಸಿದಾಕಿ ಬೇಡ

ನಮ್ಮ ಗಜೇಂದ್ರಗಡದ ಕಡೆ ಜಾತ್ರೆ ಅಂದರೆ ನಾಟಕ ಕಂಪನಿ ಇರಲೇಬೇಕು. ರಾತ್ರಿಯೆಲ್ಲ ಡಬಲ್ ಮೀನಿಂಗ್ ಮಾತಿಗೆ ಶಿಳ್ಳೆ ಹೊಡೆದವರೇ ಮರುದಿನ ನಟಿಯ ಬಗ್ಗೆ, "ಅಕಿ ಪಾರ್ಟ್ ಛಂದ ಮಾಡ್ತಾಳ, ಆದ್ರ ಮನಿ ಬಾಡಿಗಿ ಕೊಡಬ್ಯಾಡ್ರಿ" ಅಂತಾರೆ. ನೋಡಿದವರಿಗೆ ಅಂಟದ ಕಳಂಕ ಆಡಿದವಳಿಗೆ ಮಾತ್ರ ಯಾಕೆ? ನಗಿಸಿದವಳ ಪಾಡೇ ಹೀಗಾದರೆ, ಇದೇ ವಿಷಯವನ್ನು ಕಲಿಸಲು ಹೊರಟವಳ ಪಾಡೇನು?

ಅಮೆರಿಕದ ನೀನಾ ಹಾರ್ಟ್ಲಿ ಹಾಗೆ ಹೊರಟವರು. 1959ರಲ್ಲಿ ಹುಟ್ಟಿದ ಇವರು ನರ್ಸಿಂಗ್ ಓದುವಾಗಲೇ, 1984ರಲ್ಲಿ, ವಯಸ್ಕರ ಸಿನಿಮಾಕ್ಕೆ ಬಂದರು. ಮರುವರ್ಷ ಪದವಿಯನ್ನೂ ಪಡೆದರು. 90ರ ದಶಕದಲ್ಲಿ ವಯಸ್ಕರಿಗೆ ಲೈಂಗಿಕತೆ ಕಲಿಸುವ ವಿಡಿಯೊ ಸರಣಿ ಶುರು ಮಾಡಿದರು, 2006ರಲ್ಲಿ ಪುಸ್ತಕ ಬರೆದರು. 2018ರಲ್ಲಿ ವಿಸ್ಕಾನ್ಸಿನ್ ವಿಶ್ವವಿದ್ಯಾಲಯದ ಲಾ ಕ್ರಾಸ್ ಕ್ಯಾಂಪಸ್‌ನ ಮುಖ್ಯಸ್ಥ ಜೋ ಗೌ, 5,000 ಡಾಲರ್ ಕೊಟ್ಟು ಅವರ ಭಾಷಣ ಇಡಿಸಿದರು. ಅದಕ್ಕಾಗಿ ಗೌ ಮೇಲಿನವರಿಂದ ಛೀಮಾರಿ ಹಾಕಿಸಿಕೊಂಡರು; ಆ ದುಡ್ಡನ್ನು ತಮ್ಮ ಜೇಬಿನಿಂದಲೇ ಕಟ್ಟಿಕೊಟ್ಟರು.

ನಮ್ಮಲ್ಲಿ ಡಾ. ಅನುಪಮಾ ನಿರಂಜನ 'ದಾಂಪತ್ಯ ದೀಪಿಕೆ' ಬರೆದರು. ಅದನ್ನು ಓದಿದ ಮನೆಗಳು ಅವರನ್ನು ಗೌರವದಿಂದಲೇ ಕಂಡವು. ಡಾಕ್ಟರ್ ಹೇಳಿದರೆ ಜ್ಞಾನ, ನಟಿ ಹೇಳಿದರೆ ಲಜ್ಜೆಗೇಡಿತನ. ಒಬ್ಬರು ಅಕ್ಷರದಲ್ಲಿ ಕಲಿಸಿದರು, ಇನ್ನೊಬ್ಬರು ಸ್ವಂತ ಮೈಯನ್ನೇ ಪಾಠದ ಹಲಗೆ ಮಾಡಿಕೊಂಡರು. ವ್ಯತ್ಯಾಸ ಇದೆ, ಇಲ್ಲ ಅನ್ನಲ್ಲ. ಆದರೆ ಅದು ವಿಧಾನದ ವ್ಯತ್ಯಾಸ, ಯೋಗ್ಯತೆಯದ್ದಲ್ಲ.

ನನ್ನ ನಿಜವಾದ ಅನುಮಾನ ಬೇರೆ ಕಡೆ ಇದೆ. ಯಾರೂ ಯಾರನ್ನೂ ಕೇಳದೆ ಎಲ್ಲ ನಡೆದುಹೋಗುವ ಸುಳ್ಳನ್ನು ಮಾರಿದ್ದೂ ಅದೇ ಉದ್ಯಮ. ಸುಳ್ಳು ಮಾರಿದ ಅಂಗಡಿಯಲ್ಲೇ ನಿಜವನ್ನೂ ಕೊಳ್ಳಬೇಕಾ? ಇದು ನ್ಯಾಯವಾದ ಪ್ರಶ್ನೆ. ಆದರೆ ಇದಕ್ಕೆ ಉತ್ತರ ಹುಡುಕಬೇಕಾದ್ದು ಪಾಠದಲ್ಲಿ, ಹೆಂಗಸಿನ ಚಾರಿತ್ರ್ಯದಲ್ಲಲ್ಲ. ಒಪ್ಪಿಗೆ ಕೇಳೋದನ್ನ ಕಲಿಸುತ್ತಾ? ಬೇಡ ಅಂದಾಗ ನಿಲ್ಲಿಸೋದನ್ನ? ಹಾಗಿದ್ದರೆ ಪಾಠ; ಇಲ್ಲದಿದ್ದರೆ ಬರೀ ವ್ಯಾಪಾರ, ಹೇಳಿದವರು ಡಾಕ್ಟರೇ ಆಗಿರಲಿ.

2007ರಲ್ಲಿ ಕರ್ನಾಟಕವೂ ಸೇರಿ ಹಲವು ರಾಜ್ಯಗಳು ಶಾಲೆಗಳಲ್ಲಿ ಲೈಂಗಿಕ ಶಿಕ್ಷಣಕ್ಕೆ ತಡೆ ಹಾಕಿದವು. ಶಾಲೆಗೆ ಹಾರ್ಟ್ಲಿಯ ವಿಡಿಯೊ ತನ್ನಿ ಅಂತ ನಾನು ಹೇಳ್ತಿಲ್ಲ. ಅಲ್ಲಿ ಬೇಕಾದ್ದು ನಾಚದೆ ಮಾತಾಡುವ ಟೀಚರ್. ಆ ಟೀಚರನ್ನೂ ನಾವು ಬಾಯಿ ಮುಚ್ಚಿಸಿದ್ದೇವೆ. ಪಾಠ ನಿಂತಿತೇ ಹೊರತು ಕಲಿಕೆ ನಿಲ್ಲಲಿಲ್ಲ. ಹುಡುಗರು ಕಲಿಯುತ್ತಲೇ ಇದ್ದಾರೆ, ಗಜೇಂದ್ರಗಡದಲ್ಲೂ, ನಮ್ಮ ಬೆಂಗಳೂರಿನ ಪಿಜಿಗಳಲ್ಲೂ, ಮೊಬೈಲಿನಿಂದ. ಅಲ್ಲಿ ತಪ್ಪು ಕಲಿತವನ ಫೀಸನ್ನು ಅವನು ಕಟ್ಟುವುದಿಲ್ಲ. ಮದುವೆಯಾಗಿ ಬಂದವಳು ಕಟ್ಟುತ್ತಾಳೆ.