ಒಪ್ಪಿಸಿಕೊಂಡವನ ಹೊಣೆ

ಆಳು ಮಾಡಿದ ತಪ್ಪಿಗೆ ಒಡೆಯನು ಎಷ್ಟರಮಟ್ಟಿಗೆ ಬಾಧ್ಯನು ಎಂಬ ಪ್ರಶ್ನೆಯು ಧರ್ಮವಿಚಾರದಲ್ಲಿಯೂ ನ್ಯಾಯವಿಚಾರದಲ್ಲಿಯೂ ಬಹು ಹಳೆಯದು. ಒಡೆಯನ ಕೆಲಸಕ್ಕೆಂದು ಗಾಡಿ ಹೊಡೆಯುತ್ತಿರುವ ಆಳು ದಾರಿಹೋಕನ ಮೇಲೆ ಅದನ್ನು ಹರಿಸಿದರೆ ನಷ್ಟವನ್ನು ಒಡೆಯನು ತುಂಬಿಕೊಡಬೇಕೆಂಬುದರಲ್ಲಿ ಯಾರಿಗೂ ಹೆಚ್ಚು ಸಂದೇಹವಿಲ್ಲ. ಆದರೆ ಆ ಆಳು ಒಡೆಯನನ್ನೇ ಕೆಡಿಸಬೇಕೆಂಬ ಹಗೆಯಿಂದ ಮೂರನೆಯವರಿಗೆ ಕೇಡು ಮಾಡಿದರೆ? ಆಗ ಒಡೆಯನೂ ಕೇಡಿಗೆ ಗುರಿಯಾದವನೇ ಆಗಿರುತ್ತಾನೆ. ಅವನಿಂದಲೇ ಪರಿಹಾರವನ್ನು ವಸೂಲುಮಾಡುವುದು ಗಾಯದ ಮೇಲೆ ಬರೆಯನ್ನು ಎಳೆದಂತಾಗುವುದಿಲ್ಲವೆ? ಇತ್ತ, ಯಾವ ತಪ್ಪನ್ನೂ ಮಾಡದೆ ಕೇಡನ್ನುಂಡವರನ್ನು ಬರಿಗೈಯಲ್ಲಿ ಹಿಂದಕ್ಕೆ ಕಳುಹಿಸುವುದಾದರೂ ಎಂತಹ ನ್ಯಾಯ? 2014ರಲ್ಲಿ ಇಂಗ್ಲೆಂಡಿನಲ್ಲಿ ನಡೆದ ಒಂದು ಕೃತ್ಯದಿಂದ ಹುಟ್ಟಿ 2020ರಲ್ಲಿ ಇತ್ಯರ್ಥವಾದ ವ್ಯವಹಾರವೊಂದು ಈ ಇಕ್ಕಟ್ಟನ್ನು ಸ್ಪಷ್ಟವಾಗಿ ಎತ್ತಿ ತೋರಿಸಿದೆ. ಅದನ್ನು ಕೊಂಚ ವಿಸ್ತಾರವಾಗಿಯೇ ಹೇಳಬೇಕಾಗಿದೆ. ಏಕೆಂದರೆ ಇಲ್ಲಿಯ ತತ್ತ್ವವೆಲ್ಲವೂ ವಿವರಗಳಲ್ಲಿಯೇ ಅಡಗಿದೆ.

ಮಾರಿಸನ್ಸ್ ಎಂಬುದು ಯಾರ್ಕ್‌ಷೈರಿನ ಬ್ರಾಡ್‌ಫರ್ಡಿನಲ್ಲಿ ಮುಖ್ಯ ಕಚೇರಿಯನ್ನುಳ್ಳ, ದೇಶದ ತುಂಬ ದಿನಸಿಯ ಅಂಗಡಿಗಳನ್ನು ನಡೆಸುವ ದೊಡ್ಡ ಕಂಪೆನಿ. ಅದರ ಒಳಲೆಕ್ಕ ತನಿಖೆಯ ವಿಭಾಗದಲ್ಲಿ ಹಿರಿಯ ನೌಕರನೊಬ್ಬನಿದ್ದನು. ತನ್ನ ಖಾಸಗಿ ವ್ಯಾಪಾರದ ಪೊಟ್ಟಣಗಳನ್ನು ಕಂಪೆನಿಯ ಟಪಾಲುಕೋಣೆಯ ಮೂಲಕ ಕಳುಹಿಸುತ್ತಿದ್ದನೆಂದು 2013ರ ಜುಲೈ ತಿಂಗಳಿನಲ್ಲಿ ಆತನಿಗೆ ಬಾಯಿಮಾತಿನ ಎಚ್ಚರಿಕೆಯನ್ನು ಕೊಡಲಾಯಿತು. ಶಿಕ್ಷೆಯು ಸಣ್ಣದು; ಆದರೆ ಅದು ಆತನ ಮನಸ್ಸಿನಲ್ಲಿ ಮುಳ್ಳಾಗಿ ನಿಂತಿತು. ಅದೇ ವರ್ಷದ ನವೆಂಬರಿನಲ್ಲಿ ಹೊರಗಿನ ಲೆಕ್ಕಪರಿಶೋಧಕರು ನೌಕರರ ಸಂಬಳದ ಪಟ್ಟಿಯನ್ನು ಕೇಳಿದರು. ಅದನ್ನು ಅವರಿಗೆ ತಲಪಿಸುವ ಕೆಲಸವು, ಹಿಂದಿನ ವರ್ಷದಂತೆಯೇ, ಈತನ ಪಾಲಿಗೆ ಬಂದಿತು. ಪಟ್ಟಿಯಲ್ಲಿ ಏನಿತ್ತು? ಪ್ರತಿಯೊಬ್ಬನ ಹೆಸರು, ಮನೆಯ ವಿಳಾಸ, ಹುಟ್ಟಿದ ದಿನ, ದೂರವಾಣಿಯ ಸಂಖ್ಯೆ, ರಾಷ್ಟ್ರೀಯ ವಿಮೆಯ ಸಂಖ್ಯೆ, ಬ್ಯಾಂಕಿನ ಲೆಕ್ಕದ ಸಂಖ್ಯೆ, ಸಂಬಳದ ಮೊತ್ತ. ಒಬ್ಬ ಮನುಷ್ಯನಂತೆ ನಟಿಸಿ ಅವನ ಹಣವನ್ನು ಅಪಹರಿಸಬೇಕೆನ್ನುವವನಿಗೆ ಬೇಕಾದ ಸಾಮಗ್ರಿಯಲ್ಲಿ ಬಹುಭಾಗವು ಅಲ್ಲಿತ್ತು. ಈತನು ಪರಿಶೋಧಕರಿಗೆ ಅದನ್ನು ತಲಪಿಸಿದನು. ಜೊತೆಗೆ ತನಗೂ ಒಂದು ಪ್ರತಿಯನ್ನು ಇಟ್ಟುಕೊಂಡನು.

2014ರ ಜನವರಿ 12ರಂದು 98,998 ಮಂದಿ ನೌಕರರ ವಿವರಗಳು ಅಂತರ್ಜಾಲದಲ್ಲಿ ಯಾರು ಬೇಕಾದರೂ ನೋಡುವಂತೆ ಬಿದ್ದುವು. ಅಪರಾಧವು ಬೇರೊಬ್ಬ ಸಹೋದ್ಯೋಗಿಯ ತಲೆಗೆ ಬರುವಂತೆ ಈತನು ಜಾಡನ್ನು ಕೂಡ ಹೂಡಿದ್ದನು. ಮಾರ್ಚಿ 13ರಂದು, ಕಂಪೆನಿಯು ತನ್ನ ವರ್ಷದ ಲಾಭನಷ್ಟವನ್ನು ಪ್ರಕಟಿಸುವ ದಿನವನ್ನೇ ಆರಿಸಿಕೊಂಡು, ಅದೇ ಪಟ್ಟಿಯನ್ನು ಮೂರು ವೃತ್ತಪತ್ರಿಕೆಗಳಿಗೆ ಹೆಸರಿಲ್ಲದೆ ಕಳುಹಿಸಿದನು. ಪತ್ರಿಕೆಗಳವರು ಅದನ್ನು ಅಚ್ಚುಮಾಡಲಿಲ್ಲ; ಒಂದು ಪತ್ರಿಕೆಯು ಕಂಪೆನಿಗೇ ಸುದ್ದಿಯನ್ನು ಮುಟ್ಟಿಸಿತು. ಪತ್ರಿಕಾವೃತ್ತಿಯನ್ನು ಹಳಿಯುವವರು ಇದನ್ನೂ ಜ್ಞಾಪಕದಲ್ಲಿಡುವುದು ಒಳ್ಳೆಯದು. ಕಂಪೆನಿಯು ಕೂಡಲೆ ಆ ವಿವರಗಳನ್ನು ತೆಗೆಯಿಸಿ, ಪೋಲೀಸರಿಗೆ ತಿಳಿಸಿ, ನೌಕರರ ರಕ್ಷಣೆಯ ಏರ್ಪಾಡು ಮೊದಲಾದುವಕ್ಕೆ 22 ಲಕ್ಷ ಪೌಂಡಿಗಿಂತ ಹೆಚ್ಚು ವ್ಯಯಮಾಡಿತು. ಆ ನೌಕರನಿಗೆ 2015ರಲ್ಲಿ ಎಂಟು ವರ್ಷಗಳ ಸೆರೆವಾಸವಾಯಿತು. ದಂಡನೀತಿಯ ಕೆಲಸವು ಅಲ್ಲಿಗೆ ಮುಗಿಯಿತು.

ಆದರೆ ಸಾವಿರಾರು ನೌಕರರು ಕಂಪೆನಿಯ ಮೇಲೆಯೇ ದಾವೆ ಹೂಡಿದರು. ಪರಮೋಚ್ಚ ನ್ಯಾಯಾಲಯವನ್ನು ಮುಟ್ಟುವ ಹೊತ್ತಿಗೆ ಅವರ ಸಂಖ್ಯೆಯು 9,263. ಅವರ ಮಾತು ಎರಡು ಬಗೆಯದು: ಕಂಪೆನಿಯು ತಾನೇ ಎಚ್ಚರದಪ್ಪಿತು ಎಂಬುದು ಒಂದು, ತಪ್ಪದಿದ್ದರೂ ತನ್ನ ನೌಕರನ ಕೃತ್ಯಕ್ಕೆ ತಾನು ಬಾಧ್ಯ ಎಂಬುದು ಇನ್ನೊಂದು. 2017ರ ಡಿಸೆಂಬರಿನಲ್ಲಿ ಹೈಕೋರ್ಟಿನ ನ್ಯಾಯಾಧೀಶ ಲ್ಯಾಂಗ್‌ಸ್ಟಾಫರು ಮೊದಲನೆಯದನ್ನು ತಳ್ಳಿಹಾಕಿದರು. ಕೆಲಸ ಮುಗಿದ ಮೇಲೆ ಇಂತಹ ಪ್ರತಿಗಳು ಅಳಿಸಿಹೋದುವೆ ಎಂದು ನೋಡುವ ಕ್ರಮಬದ್ಧವಾದ ಏರ್ಪಾಡು ಕಂಪೆನಿಯಲ್ಲಿರಲಿಲ್ಲ. ಅದು ಲೋಪವೇ ಸರಿ. ಆದರೆ ಆ ಲೋಪದಿಂದ ಈ ಕೇಡು ಹುಟ್ಟಲಿಲ್ಲ ಎಂಬುದು ಅವರ ನಿರ್ಣಯ. ಎರಡನೆಯದನ್ನು ಮಾತ್ರ ಒಪ್ಪಿ, ಕಂಪೆನಿಯು ಬಾಧ್ಯವೆಂದು ಹೇಳಿದರು. ಹೇಳಿದ ಮೇಲೆ ಅವರಿಗೇ ಒಂದು ಅಳುಕು ಉಳಿಯಿತು: ಕಂಪೆನಿಯನ್ನು ಕೆಡಿಸುವುದೇ ಅಪರಾಧಿಯ ಉದ್ದೇಶವಾಗಿದ್ದಲ್ಲಿ, ಅದರ ಮೇಲೆ ಹೊರೆಯನ್ನು ಹೊರಿಸುವ ನ್ಯಾಯಾಲಯವು ಆತನ ಉದ್ದೇಶಕ್ಕೆ ತಾನೇ ಕೈಗೂಡಿಸಿದಂತಾಗುವುದಿಲ್ಲವೆ? ಈ ಅಳುಕನ್ನು ಮರೆಮಾಚದೆ ತೀರ್ಪಿನಲ್ಲಿಯೇ ಬರೆದಿಟ್ಟದ್ದು ಆ ನ್ಯಾಯಾಧೀಶರ ದೊಡ್ಡತನವೆಂದು ನಾನು ತಿಳಿಯುತ್ತೇನೆ. 2018ರಲ್ಲಿ ಮೇಲಿನ ನ್ಯಾಯಾಲಯವು ತೀರ್ಪನ್ನು ಎತ್ತಿಹಿಡಿದು, ಇಂತಹ ಭಾರಕ್ಕೆ ಅಂಜುವ ಕಂಪೆನಿಗಳು ವಿಮೆಯನ್ನು ಮಾಡಿಸಿಕೊಳ್ಳಬಹುದೆಂದಿತು. ವ್ಯವಹಾರದೃಷ್ಟಿಯಿಂದ ಅದು ಜಾಣತನದ ಉತ್ತರ. ಹೊಣೆ ಯಾರದೆಂಬ ಪ್ರಶ್ನೆಗೆ ಅದು ಉತ್ತರವೇ ಅಲ್ಲ.

2020ರ ಏಪ್ರಿಲ್ 1ರಂದು ಪರಮೋಚ್ಚ ನ್ಯಾಯಾಲಯದ ಐವರು ನ್ಯಾಯಾಧೀಶರು ಏಕಮತದಿಂದ ಇದೆಲ್ಲವನ್ನೂ ತಿರುವಿಹಾಕಿದರು. ತೀರ್ಪನ್ನು ಬರೆದವರು ಲಾರ್ಡ್ ರೀಡರು. ಅವರ ವಿಚಾರಸರಣಿಯು 1834ರ ಒಂದು ಹಳೆಯ ಮೊಕದ್ದಮೆಯ ತತ್ತ್ವಕ್ಕೆ ಹಿಂತಿರುಗುತ್ತದೆ: ಒಡೆಯನ ಕೆಲಸದಲ್ಲಿರುತ್ತ ಆಳು ಕೊಂಚ ಅಡ್ಡದಾರಿ ಹಿಡಿದರೆ ಒಡೆಯನು ಹೊಣೆ, ಒಡೆಯನ ಕೆಲಸವನ್ನೇ ತೊರೆದು ತನ್ನ ಸ್ವಂತದ ಸವಾರಿಗೆ ಹೊರಟರೆ ಒಡೆಯನು ಹೊಣೆಯಲ್ಲ. (ಆ ಗಾಡಿಯ ಮೊಕದ್ದಮೆಯ ಪ್ರತಿವಾದಿಯ ಹೆಸರೂ ಮಾರಿಸನ್ ಎಂದೇ, ಕಾಕತಾಳೀಯವೆನ್ನೋಣ.) ಇನ್ನೊಂದು ವಿಚಿತ್ರವನ್ನೂ ಗಮನಿಸಬೇಕು. ಇದೇ ಕಂಪೆನಿಯ ಪೆಟ್ರೋಲು ಕಟ್ಟೆಯ ನೌಕರನೊಬ್ಬನು ಗಿರಾಕಿಯನ್ನು ಬೈದು, ಬೆನ್ನಟ್ಟಿ ಹೋಗಿ ಹೊಡೆದ ಪ್ರಸಂಗದಲ್ಲಿ, 2016ರಲ್ಲಿ ಇದೇ ನ್ಯಾಯಾಲಯವು ಕಂಪೆನಿಯನ್ನು ಬಾಧ್ಯವೆಂದು ಸಾರಿತ್ತು. ಹೊಡೆತಕ್ಕೆ ಹೊಣೆ, ಪಟ್ಟಿಗೆ ಹೊಣೆಯಲ್ಲ. ಇದೇನು ನ್ಯಾಯವೆಂದು ಸಾಮಾನ್ಯರು ಕೇಳಬಹುದು. ಭೇದವಿರುವುದು ಇಲ್ಲಿ: ಪೆಟ್ರೋಲು ಕಟ್ಟೆಯವನು ಎಷ್ಟೇ ದುಷ್ಟನಾಗಿದ್ದರೂ ‘ಮತ್ತೆ ಈ ಕಡೆ ಬರಬೇಡ’ ಎಂದು ಗದರುವಾಗ ಒಡೆಯನ ಪರವಾಗಿ ಮಾತನಾಡುವವನಂತೆ ನಡೆದುಕೊಂಡನು, ಲೆಕ್ಕದವನು ಒಡೆಯನ ಮೇಲೆಯೇ ಸೇಡು ತೀರಿಸಿಕೊಳ್ಳುತ್ತಿದ್ದನು. ಕೆಲಸವು ಕೃತ್ಯಕ್ಕೆ ಅವಕಾಶವನ್ನು ಒದಗಿಸಿತೆಂದ ಮಾತ್ರಕ್ಕೆ ಕೃತ್ಯವು ಕೆಲಸದ ಅಂಗವಾಗುವುದಿಲ್ಲ.

ಸ್ವಾಮಿಭೃತ್ಯರ ಸಂಬಂಧವನ್ನೇ ಅಳತೆಗೋಲಾಗಿ ಹಿಡಿದರೆ ಈ ತೀರ್ಪು ಸರಿಯೆಂದು ನನಗೆ ತೋರುತ್ತದೆ. ತನ್ನ ಮನೆಗೆ ಬೆಂಕಿಯಿಟ್ಟವನ ಕೃತ್ಯವನ್ನು ತನ್ನ ಕೃತ್ಯವೆಂದು ಒಪ್ಪಿಕೊಳ್ಳೆಂದು ಯಾರಿಗೆ ತಾನೆ ಹೇಳಬಹುದು? ಆದರೆ ಆ ಅಳತೆಗೋಲೇ ಈ ಪ್ರಶ್ನೆಗೆ ಸಾಲದು. ಒಂಬತ್ತು ಸಾವಿರ ಜನರ ಅಳಲು ‘ನಿಮ್ಮ ಆಳು ನಮಗೆ ಕೇಡುಮಾಡಿದನು’ ಎಂಬುದಲ್ಲ. ‘ನಿಮ್ಮ ಕೈಗೆ ನಾವು ಒಪ್ಪಿಸಿದ್ದು ಬೀದಿಗೆ ಬಿದ್ದಿತು’ ಎಂಬುದು. ಇವೆರಡೂ ಒಂದೇ ಅಲ್ಲ.

ನಮ್ಮ ಧರ್ಮಶಾಸ್ತ್ರಕಾರರು ಈ ಎರಡನೆಯ ಮಾತಿಗೆ ಬೇರೆಯೇ ಒಂದು ಪ್ರಕರಣವನ್ನು ಇಟ್ಟಿದ್ದರು. ಮನುವು ಎಣಿಸಿದ ಹದಿನೆಂಟು ವ್ಯವಹಾರಪದಗಳಲ್ಲಿ ಋಣಾದಾನದ ಬೆನ್ನಿಗೇ ಬರುವುದು ನಿಕ್ಷೇಪ. ಎಂದರೆ ನಂಬಿ ಒಪ್ಪಿಸಿದ ಒಡವೆಯ ವಿಚಾರ. ಅಲ್ಲಿಯ ಸಾಮಾನ್ಯ ನಿಯಮವು ಒಪ್ಪಿಸಿಕೊಂಡವನಿಗೆ ಅನುಕೂಲವಾಗಿಯೇ ಇದೆ: ಕಳ್ಳರು ಕದ್ದರೆ, ಹೊಳೆ ಕೊಚ್ಚಿಕೊಂಡು ಹೋದರೆ, ಬೆಂಕಿಯಲ್ಲಿ ಬೆಂದರೆ, ಅವನು ಅದರಲ್ಲಿ ಏನನ್ನೂ ತೆಗೆದುಕೊಳ್ಳದೆ ಇದ್ದ ಪಕ್ಷದಲ್ಲಿ, ತೆರಬೇಕಾದುದಿಲ್ಲ. ಯಾಜ್ಞವಲ್ಕ್ಯನೂ ಈ ಜಾಡಿನಲ್ಲಿಯೇ ನಡೆದು, ಒಪ್ಪಿಸಿದ್ದನ್ನು ತನ್ನ ಇಚ್ಛೆಯಂತೆ ಬಳಸಿ ಅದರಿಂದ ಜೀವಿಸಿದವನು ದಂಡಾರ್ಹನೆಂದೂ, ಒಡವೆಯನ್ನು ವೃದ್ಧಿಸಹಿತವಾಗಿ ಹಿಂತಿರುಗಿಸತಕ್ಕವನೆಂದೂ ವಿಧಿಸುತ್ತಾನೆ. ಕಲ್ಯಾಣದಲ್ಲಿ ಚಾಲುಕ್ಯ ವಿಕ್ರಮಾದಿತ್ಯನ ಆಶ್ರಯದಲ್ಲಿ ವಿಜ್ಞಾನೇಶ್ವರನು ಮಿತಾಕ್ಷರವನ್ನು ಬರೆದದ್ದು ಈ ಸ್ಮೃತಿಗೇ.

ಮೇಲುನೋಟಕ್ಕೆ ಈ ನಿಯಮವು ಕಂಪೆನಿಯ ಪಕ್ಷವನ್ನೇ ಎತ್ತಿಹಿಡಿಯುವಂತೆ ಕಾಣುತ್ತದೆ, ಕದ್ದವನು ಕಳ್ಳನಷ್ಟೆ. ಆದರೆ ಸ್ಮೃತಿಕಾರರ ಕಣ್ಣೆದುರಿಗೆ ಇದ್ದವನು ನೆರೆಯವನ ಉಪಕಾರಕ್ಕೆಂದು ಅವನ ಗಂಟನ್ನು ತನ್ನ ಪೆಟ್ಟಿಗೆಯಲ್ಲಿ ಇಟ್ಟುಕೊಂಡ ಗೃಹಸ್ಥ. ಕಂಪೆನಿಯು ನೌಕರನ ವಿವರಗಳನ್ನು ಇಟ್ಟುಕೊಳ್ಳುವುದು ಬರಿಯ ಉಪಕಾರಕ್ಕಾಗಿ ಅಲ್ಲ. ತನ್ನ ಕಾರ್ಯವು ಸಾಗುವುದಕ್ಕಾಗಿ. ನೌಕರನೂ ಅದನ್ನು ಇಷ್ಟಪಟ್ಟು ಒಪ್ಪಿಸುವುದಿಲ್ಲ. ಒಪ್ಪಿಸದಿದ್ದರೆ ಕೆಲಸವಿಲ್ಲ, ಸಂಬಳವಿಲ್ಲ. ತನ್ನ ಗಂಟನ್ನು ಯಾರ ಮನೆಯಲ್ಲಿ ಇಡಬೇಕೆಂದು ಆರಿಸಿಕೊಳ್ಳುವ ಹಕ್ಕು ಆ ಹಳೆಯ ನಿಕ್ಷೇಪಕನಿಗೆ ಇತ್ತು. ಅದಲ್ಲದೆ ಒಡವೆಯು ಕಳೆದುಹೋದರೆ ಮತ್ತೊಂದನ್ನು ಮಾಡಿಸಿಕೊಡಬಹುದು. ಹುಟ್ಟಿದ ದಿನವನ್ನು ಯಾವ ಅಕ್ಕಸಾಲಿಗನು ಹೊಸದಾಗಿ ಮಾಡಿಕೊಟ್ಟಾನು? ಒಮ್ಮೆ ಬೀದಿಗೆ ಬಿದ್ದ ಗುಟ್ಟು ಮತ್ತೆ ಗುಟ್ಟಾಗುವುದಿಲ್ಲ. ಹಣವು ಹೋಗದಿದ್ದರೂ, ಎಂದು ಹೋದೀತೋ ಎಂಬ ಕಳವಳವು ಉಳಿದೇ ಇರುತ್ತದೆ. ಈ ಕಳವಳವು ನಷ್ಟವಲ್ಲವೆನ್ನುವವರು ಅದನ್ನು ಅನುಭವಿಸಿದವರಲ್ಲ.

ಆದುದರಿಂದ ಕೇಳಬೇಕಾದ ಪ್ರಶ್ನೆಯು ಒಡೆಯನ ದೋಷವೆಷ್ಟು ಎಂಬುದೊಂದೇ ಅಲ್ಲ. ಯಾರ ಪ್ರಯೋಜನಕ್ಕಾಗಿ ಇಷ್ಟೊಂದು ಜನರ ಗುಟ್ಟು ಒಂದೇ ಕಡೆ ರಾಶಿಬಿದ್ದಿತು ಎಂಬುದು. ರಾಶಿಯನ್ನು ಹಾಕಿದವನು ಅದರ ಅಪಾಯದ ಒಂದು ಭಾಗವನ್ನಾದರೂ, ದೋಷವಿಲ್ಲದಿದ್ದಾಗಲೂ, ಹೊರುವುದು ಧರ್ಮ. ಇಲ್ಲಿ ಲ್ಯಾಂಗ್‌ಸ್ಟಾಫರ ಅಳುಕು ಮತ್ತೆ ಎದುರಾಗುತ್ತದೆಂಬುದು ನಿಜ; ಪರಿಹಾರವು ಅತಿಯಾದರೆ ಹಗೆಯ ಆಳಿನ ಕೈಗೆ ಆಯುಧವನ್ನು ಕೊಟ್ಟಂತಾಗುತ್ತದೆ. ಆದರೆ ಮಿತಿಯನ್ನು ಹಾಕುವುದು ಬೇರೆ, ಇಲ್ಲವೆನ್ನುವುದು ಬೇರೆ. ಮಾರಿಸನ್ಸಿನವರು ನೌಕರರ ರಕ್ಷಣೆಗೆ ವ್ಯಯಮಾಡಿದ್ದನ್ನು ನಾನು ಬಾಧ್ಯತೆಯ ನಿಜವಾದ ರೂಪವೆಂದು ಎಣಿಸುತ್ತೇನೆ. ಒಡೆಯನ ಮರ್ಜಿಗೆ ಬಿಡದೆ ಅದನ್ನು ವಿಧಿಯನ್ನಾಗಿ ಮಾಡಬೇಕಾಗಿದೆ. ಪರಮೋಚ್ಚ ನ್ಯಾಯಾಲಯವೂ ಬಾಗಿಲನ್ನು ಪೂರ್ತಿಯಾಗಿ ಮುಚ್ಚಲಿಲ್ಲ: ಆ ದೇಶದ 1998ರ ಮಾಹಿತಿರಕ್ಷಣೆಯ ಶಾಸನವು ಒಡೆಯನ ಇಂತಹ ಬಾಧ್ಯತೆಯನ್ನು ತಾನಾಗಿ ಅಳಿಸಿಹಾಕುವುದಿಲ್ಲವೆಂದು ಅದೇ ತೀರ್ಪಿನಲ್ಲಿ ಹೇಳಿದೆ.

ನಮ್ಮಲ್ಲಿ ಈ ವಿಚಾರವು ಎಲ್ಲಿಗೆ ಬಂದಿದೆ? ಖಾಸಗಿತನವು ಮೂಲಭೂತ ಹಕ್ಕೆಂದು ಒಂಬತ್ತು ನ್ಯಾಯಾಧೀಶರ ಪೀಠವು 2017ರಲ್ಲಿ ಸಾರಿತು. ಆ ಅರ್ಜಿಯನ್ನು ಹಾಕಿದವರು ಕರ್ನಾಟಕದ ಉಚ್ಚ ನ್ಯಾಯಾಲಯದಿಂದ ನಿವೃತ್ತರಾಗಿದ್ದ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು. 2023ರಲ್ಲಿ ಡಿಜಿಟಲ್ ವೈಯಕ್ತಿಕ ಮಾಹಿತಿಯ ರಕ್ಷಣೆಯ ಅಧಿನಿಯಮವು ಅಂಗೀಕೃತವಾಯಿತು. ಸಾಕಷ್ಟು ಎಚ್ಚರಿಕೆಯನ್ನು ತೆಗೆದುಕೊಳ್ಳದೆ ಮಾಹಿತಿಯನ್ನು ಸೋರಿಹೋಗಗೊಟ್ಟ ಸಂಸ್ಥೆಗೆ ಅದು 250 ಕೋಟಿ ರೂಪಾಯಿಗಳವರೆಗೆ ದಂಡವನ್ನು ವಿಧಿಸಬಲ್ಲುದು. ನೌಕರಿಯ ಉದ್ದೇಶಕ್ಕಾಗಿಯೂ ಒಡೆಯನನ್ನು ನಷ್ಟದಿಂದ ಕಾಪಾಡುವುದಕ್ಕಾಗಿಯೂ ನೌಕರನ ವಿವರಗಳನ್ನು ಆತನ ಸಮ್ಮತಿಯಿಲ್ಲದೆಯೇ ಬಳಸಬಹುದೆಂದು ಅದೇ ಶಾಸನವು ಅನುಮತಿಸುತ್ತದೆ. ದಂಡದ ಹಣವು ಭಾರತದ ಸಂಚಿತ ನಿಧಿಗೆ ಸೇರತಕ್ಕದ್ದು; ಗುಟ್ಟು ಬಯಲಾದವನಿಗೆ ಅದರಲ್ಲಿ ಕಾಸೂ ಇಲ್ಲ. 2000ದ ಮಾಹಿತಿ ತಂತ್ರಜ್ಞಾನದ ಅಧಿನಿಯಮಕ್ಕೆ 2008ರ ತಿದ್ದುಪಡಿಯಿಂದ ಸೇರಿದ 43ಎ ಪ್ರಕರಣವು ಎಚ್ಚರದಪ್ಪಿದ ಕಂಪೆನಿಯು ನೊಂದವನಿಗೇ ಪರಿಹಾರವನ್ನು ಕೊಡಬೇಕೆಂದು ಹೇಳುತ್ತಿತ್ತು. ಹೊಸ ಶಾಸನವು ಆ ಪ್ರಕರಣವನ್ನೇ ತೆಗೆದುಹಾಕುವ ಏರ್ಪಾಡನ್ನೂ ಮಾಡಿದೆ.