ತಳಿಗೆ ಜೀವವುಂಟೇ?

ಆದಿತೀರ್ಥಂಕರ ಋಷಭದೇವರ ಲಾಂಛನವು ವೃಷಭ. ಅಸಿ, ಮಸಿ, ಕೃಷಿ, ವಿದ್ಯೆ, ವಾಣಿಜ್ಯ, ಶಿಲ್ಪಗಳೆಂಬ ಷಟ್ಕರ್ಮಗಳನ್ನು ಲೋಕಕ್ಕೆ ಬೋಧಿಸಿದವರೂ ಆ ಸ್ವಾಮಿಯೇ. ಕೃಷಿಕನಿಗೂ ವಣಿಕನಿಗೂ ಗುರು ಒಬ್ಬನೇ ಆದ ಮೇಲೆ, ಕೃಷಿಕನ ದನದ ಸಂಕಟವು ವಣಿಕನಾದ ಶ್ರಾವಕನಿಗೆ ಸಂಬಂಧಿಸಿದ್ದಲ್ಲವೆಂದು ಹೇಳಲಾಗದು. ಈ ಭಾವದಿಂದಲೇ, ನಮ್ಮ ಜಿಲ್ಲೆಯ ಗಡಿಯ ಬೆಟ್ಟಗಳಲ್ಲಿ ಕ್ಷೀಣಿಸುತ್ತಿರುವ ಒಂದು ಗೋತಳಿಯ ವಿಷಯವನ್ನು ಧರ್ಮಬಂಧುಗಳ ಮುಂದಿಡುತ್ತಿದ್ದೇನೆ.

ಹನೂರು ತಾಲ್ಲೂಕಿನಲ್ಲಿ ಮಲೆ ಮಹದೇಶ್ವರ ಬೆಟ್ಟದ ಕಾಡು ಮುಗಿಯುವೆಡೆ, ತಮಿಳುನಾಡಿನ ಈರೋಡು ಜಿಲ್ಲೆಯ ಬರಗೂರು ಬೆಟ್ಟಗಳು ಆರಂಭವಾಗುತ್ತವೆ. ಅಲ್ಲಿನ ಕನ್ನಡ ಮಾತನಾಡುವ ಲಿಂಗಾಯತ ಕುಟುಂಬಗಳು ತಲೆಮಾರುಗಳಿಂದ ಸಾಕಿಕೊಂಡು ಬಂದಿರುವುದೇ ಬರಗೂರು ತಳಿ. ಕೆಂಗಂದು ಮೈಮೇಲೆ ಬಿಳಿಯ ಮಚ್ಚೆ, ನಡಿಗೆಯಲ್ಲಿ ಚುರುಕು, ಪರಿಚಯವಿಲ್ಲದವರನ್ನು ಹತ್ತಿರ ಸೇರಿಸದ ಸ್ವಭಾವ. ಹಗಲೆಲ್ಲ ಕಾಡಿನಲ್ಲಿ ಮೇದು ಇರುಳು ದೊಡ್ಡಿಯಲ್ಲಿ ತಂಗುವ ಈ ದನ ಕೊಡುವ ಹಾಲು ಅತ್ಯಲ್ಪ. ಬಂಡಿಗೂ ನೇಗಿಲಿಗೂ ಎತ್ತು ಬೇಕಾಗಿದ್ದ ಕಾಲದಲ್ಲಿ ಇದಕ್ಕೆ ಬೆಲೆಯಿತ್ತು. ಟ್ರ್ಯಾಕ್ಟರು ಬಂದ ಮೇಲೆ ಮುಖ್ಯವಾಗಿ ಉಳಿದದ್ದು ಗೊಬ್ಬರದ ಆದಾಯ. ಮೇವಿನ ದಾರಿಯೂ ಕಿರಿದಾಯಿತು. ರಾಷ್ಟ್ರೀಯ ಉದ್ಯಾನ, ಅಭಯಾರಣ್ಯ, ಹುಲಿ ಮೀಸಲು ಪ್ರದೇಶಗಳಲ್ಲಿ ದನ ಮೇಯಿಸಕೂಡದೆಂದು 2022ರಲ್ಲಿ ಮದರಾಸು ಉಚ್ಚ ನ್ಯಾಯಾಲಯ ಆದೇಶಿಸಿತು. 2024ರಲ್ಲಿ ಬರಗೂರು ಕಾಡುಗಳು ವನ್ಯಜೀವಿಧಾಮವೆಂದು ಘೋಷಿತವಾದವು.

ಇಲ್ಲೊಂದು ತಾತ್ತ್ವಿಕ ಪ್ರಶ್ನೆ ಏಳುತ್ತದೆ. ಆತ್ಮವಿರುವುದು ಒಂದೊಂದು ಹಸುವಿಗೆ. ತಳಿ ಎಂಬುದಕ್ಕೆ ಪ್ರತ್ಯೇಕವಾದ ಆತ್ಮವಿಲ್ಲ. ಅದು ಅಳಿದರೆ ಅಹಿಂಸಾಣುವ್ರತಕ್ಕೆ ಭಂಗವೇನು? ಮೇಲ್ನೋಟಕ್ಕೆ ಏನೂ ಇಲ್ಲ. ಆದರೆ ತಳಿ ಅಳಿಯುವ ಬಗೆಯನ್ನು ನೋಡಬೇಕು. ಒಂದು ದೊಡ್ಡಿಯ ಮೇವು ನಿಲ್ಲುತ್ತದೆ. ಒಂದೊಂದೇ ಹಸು ಸಂತೆಗೆ ಹೋಗುತ್ತದೆ. ಸಂತೆಯಿಂದಾಚೆಗೆ ಅದರ ಗತಿ ಏನೆಂದು ವ್ಯಾಪಾರಸ್ಥರಾದ ನಮಗೆ ಹೇಳಬೇಕಾಗಿಲ್ಲ. ಕಟ್ಟಿಹಾಕುವುದು, ಹೊಡೆಯುವುದು, ಅಂಗಚ್ಛೇದ, ಅತಿಭಾರ ಹೇರುವುದು, ಅನ್ನಪಾನಗಳನ್ನು ತಡೆಯುವುದು ಎಂಬ ಐದನ್ನು ಆಚಾರ್ಯರು ಈ ವ್ರತದ ಅತಿಚಾರಗಳೆಂದಿದ್ದಾರೆ. ತಳಿಯ ನಾಶದೊಳಗೆ ಐದನೆಯದು ಅಡಗಿದೆ.

ಗೋಶಾಲೆಗಳಿವೆಯಲ್ಲ ಎನ್ನಬಹುದು. ಗೋಶಾಲೆಯ ಸೇವೆ ಪುಣ್ಯಕಾರ್ಯವೇ. ಆದರೆ ದಿನವಿಡೀ ಬೆಟ್ಟ ಸುತ್ತುವ ದನವನ್ನು ಜೀವಮಾನವೆಲ್ಲ ಕೊಟ್ಟಿಗೆಯಲ್ಲಿ ನಿಲ್ಲಿಸುವುದು, ಬಂಧವೆಂಬ ಮೊದಲನೆಯ ಅತಿಚಾರಕ್ಕೆ ಎಷ್ಟು ದೂರ?

ಇನ್ನೊಂದು ಪಕ್ಷವನ್ನೂ ಮರೆಯಬಾರದು. ಆ ಹುಲ್ಲು ಜಿಂಕೆ, ಕಾಟಿಗಳದ್ದೂ ಹೌದು. ಆ ಕಾಡು ಹುಲಿಯದ್ದೂ ಹೌದು. 2025ರ ಜೂನ್ ತಿಂಗಳಲ್ಲಿ ನಮ್ಮ ಜಿಲ್ಲೆಯ ಹೂಗ್ಯಂ ವಲಯದಲ್ಲಿ ಒಂದು ತಾಯಿಹುಲಿಯೂ ಅದರ ನಾಲ್ಕು ಮರಿಗಳೂ ವಿಷ ಬೆರೆತ ಹಸುವಿನ ಕಳೇಬರವನ್ನು ತಿಂದು ಸತ್ತವು. ಹಸುವನ್ನು ಕಳೆದುಕೊಂಡವನ ದುಃಖ ಸಹಜ. ಹುಲಿ ಮೇಲೆರಗಿದಾಗ ತಡೆದಿದ್ದರೆ ಅದನ್ನು ವಿರೋಧೀ ಹಿಂಸೆ ಎನ್ನಬಹುದಿತ್ತು. ಹಸು ಸತ್ತ ಮೇಲೆ ವಿಷವಿಡುವುದು ಸಂಕಲ್ಪೀ ಹಿಂಸೆ. ಅದಕ್ಕೆ ಗೃಹಸ್ಥನಿಗೂ ಅನುಮತಿಯಿಲ್ಲ. ಮರುತಿಂಗಳೇ ರಾಜ್ಯದ ಕಾಡುಗಳಲ್ಲಿ ಮೇಯಿಸುವುದನ್ನು ತಡೆಯಲು ಅರಣ್ಯ ಸಚಿವರು ಸೂಚಿಸಿದರು. ಒಂದು ಕೋಪಕ್ಕೆ ಐದು ಹುಲಿಗಳು ಹೋದವು. ಅದರ ಹಿಂದೆಯೇ ಸಾವಿರಾರು ದನಗಳ ಮೇವಿಗೂ ಕುತ್ತು ಬಂತು.

ಹಾಗಾದರೆ ಮಿತಿಯನ್ನು ಎಲ್ಲಿ ಹಾಕಬೇಕು? ಗುಂಡ್ಲುಪೇಟೆ ತಾಲ್ಲೂಕಿನ ಉದಾಹರಣೆ ನೋಡೋಣ. ಬಂಡೀಪುರದ ಅಂಚಿನ ಹಳ್ಳಿಗಳ ಸಗಣಿ ಗೊಬ್ಬರವು ಲಾರಿಗಳಲ್ಲಿ ಕೇರಳದ ವಯನಾಡಿನ ತೋಟಗಳಿಗೆ ಹೋಗತೊಡಗಿದಾಗ, ಕಾಫಿಯ ಬೆಲೆ ಏರಿದರೆ ಇಲ್ಲಿ ದನಗಳ ಸಂಖ್ಯೆಯೂ ಏರಿತು. ಕಾಡಿಗೆ ಹೊರೆಯಾದ ಆ ಹಿಂಡುಗಳ ಹಿಂದೆ ಇದ್ದುದು ಹೊರಗಿನವರ ಬೇಡಿಕೆ. ನಾನೂ ಅರಿಸಿನದ ವ್ಯಾಪಾರ ಮಾಡಿದವನು. ಆ ಬೆಳೆ ಯಾವ ದೊಡ್ಡಿಯ ಗೊಬ್ಬರದಿಂದ ಬಂತೆಂದು ಒಮ್ಮೆಯೂ ವಿಚಾರಿಸಲಿಲ್ಲ. ಪರಿಗ್ರಹ ಪರಿಮಾಣ ವ್ರತವನ್ನು ಮೊದಲು ಪಾಲಿಸಬೇಕಾದವರು ಕೊಳ್ಳುವವರಾದ ನಾವು. ಬಳಿಕವಷ್ಟೇ ದನಗಾಹಿಗೆ ಹಿಂಡನ್ನು ಮಿತಗೊಳಿಸೆಂದು ಹೇಳುವ ಅಧಿಕಾರ ಬರುತ್ತದೆ.

ಬಸದಿಗಳ ಟ್ರಸ್ಟುಗಳಲ್ಲಿ ನನ್ನದೊಂದು ವಿನಂತಿ. ಜೀವದಯೆಗೆಂದು ತೆಗೆದಿಟ್ಟ ಹಣದಲ್ಲಿ ಒಂದು ಪಾಲನ್ನು ಬೆಟ್ಟದ ದೊಡ್ಡಿಗಳಿಗೆ ಮೀಸಲಿಡಿರಿ. ಬೇಸಗೆಯಲ್ಲಿ ಒಣಮೇವು ಕಳುಹಿಸಿದರೆ ಹಸು ಸಂತೆಗೆ ಹೋಗುವುದು ತಪ್ಪೀತು. ಹುಲಿಯಿಂದ ಹಸು ಸತ್ತರೆ ಸರ್ಕಾರದ ಪರಿಹಾರ ಬರುವವರೆಗೆ ಕಾಯಿಸದೆ, ಅಂದೇ ಆ ಮನೆಗೆ ಹೋಗಿ ಕೈಲಾದಷ್ಟು ಕೊಡಿರಿ. ಮರುಹಸು ಕೊಳ್ಳಲು ಅದು ಸಾಲದಿರಬಹುದು. ವಿಷದ ಯೋಚನೆ ಹುಟ್ಟುವ ಆ ರಾತ್ರಿ ದನಗಾಹಿಯು ಒಬ್ಬಂಟಿಯಾಗಿರದಿದ್ದರೆ ಸಾಕು.