ಸತ್ಯ ಹೇಳುವುದು ಯಾರಿಗಾಗಿ?



ಮದುವೆಗೆ ಸಿದ್ಧರಾಗುವ ಯುವಕ ಯುವತಿಯರು ಗುರುಗಳ ಮುಂದೆ ಇಡುವ ಪ್ರಶ್ನೆಗಳಲ್ಲಿ ಒಂದು ಎಂದಿಗೂ ಹಳೆಯದಾಗುವುದಿಲ್ಲ: "ಫಾದರ್, ನನ್ನ ಹಿಂದಿನ ಬದುಕನ್ನೆಲ್ಲ ಆಕೆಗೆ ಹೇಳಿಬಿಡಬೇಕೇ?" ಹೇಳಿದರೆ ಸಂಬಂಧ ಮುರಿದೀತೆಂಬ ಭಯ, ಹೇಳದಿದ್ದರೆ ಮನಸ್ಸಾಕ್ಷಿಯ ಚುಚ್ಚುವಿಕೆ. ಗಂಡಹೆಂಡಿರ ನಡುವೆ ಗುಟ್ಟು ಇರಬಹುದೇ? ಇರಬಾರದೇ?

ಈ ಪ್ರಶ್ನೆಗೆ ತನ್ನ ಸಂಸಾರವನ್ನೇ ಪಣವಾಗಿಟ್ಟವರು ರಷ್ಯಾದ ಮಹಾ ಕಾದಂಬರಿಕಾರ ಲಿಯೋ ಟಾಲ್‌ಸ್ಟಾಯ್ (1828–1910). ದೇಜಗೌ ಅವರ ಅನುವಾದಗಳಿಂದ ಕನ್ನಡಿಗರಿಗೂ ಅವರು ಪರಿಚಿತರು. ಕಾದಂಬರಿಗಳ ಜೊತೆಗೆ ಅವರು ಜೀವಮಾನವಿಡೀ ದಿನಚರಿಯನ್ನೂ ಸಾವಿರಾರು ಪತ್ರಗಳನ್ನೂ ಬರೆದರು. ಅವರ ದಾಂಪತ್ಯದ ಕಥೆ ಆ ದಿನಚರಿಯಿಂದಲೇ ಆರಂಭವಾಗಿ ಒಂದು ಪತ್ರದೊಂದಿಗೆ ಮುಗಿಯುತ್ತದೆ.

1862ರ ಸೆಪ್ಟೆಂಬರ್. ಟಾಲ್‌ಸ್ಟಾಯ್‌ಗೆ 34 ವರ್ಷ, ವಧು ಸೋಫಿಯಾಳಿಗೆ 18. ತಮ್ಮ ಬಾಳಿನ ಯಾವ ಪುಟವೂ ಆಕೆಗೆ ಮರೆಯಾಗಿರಬಾರದೆಂದು ಅವರು ಮದುವೆಗೆ ಮುಂಚೆ ತಮ್ಮ ದಿನಚರಿಗಳನ್ನು ಆಕೆಯ ಕೈಗಿಟ್ಟರು. ಜೂಜು, ವೇಶ್ಯಾವಾಟಿಕೆ, ತಮ್ಮದೇ ಎಸ್ಟೇಟಿನ ರೈತ ಹೆಂಗಸೊಬ್ಬಳ ಸಂಗ, ಎಲ್ಲವೂ ಅದರಲ್ಲಿತ್ತು. ಹುಡುಗಿ ಓದಿ ಅತ್ತಳು, ಕ್ಷಮಿಸಿದಳು, ಮದುವೆಯೂ ಆಯಿತು. ಆದರೆ ಎರಡೇ ವಾರದ ಬಳಿಕ, ಗಂಡನ ಗತಕಾಲದೊಂದಿಗೆ ತಾನೆಂದೂ ರಾಜಿಯಾಗಲಾರೆನೆಂಬ ಅಳಲನ್ನು ತನ್ನ ದಿನಚರಿಯಲ್ಲಿ ಬರೆದುಕೊಂಡಳು. ಆ ರೈತ ಹೆಂಗಸು ಅದೇ ಊರಲ್ಲಿದ್ದಳು, ದಿನವೂ ಕಣ್ಣಿಗೆ ಬೀಳಬಹುದಾದವಳು!

ಸೋಫಿಯಾ 13 ಮಕ್ಕಳನ್ನು ಹೆತ್ತಳು. ಗಂಡನ ಹಸ್ತಪ್ರತಿಗಳನ್ನು ಮತ್ತೆ ಮತ್ತೆ ನಕಲು ಮಾಡಿಕೊಟ್ಟಳು. ಆದರೂ ಒಬ್ಬರ ದಿನಚರಿಯನ್ನು ಇನ್ನೊಬ್ಬರು ಓದುವ ಪದ್ಧತಿ ಕ್ರಮೇಣ ಒಬ್ಬರನ್ನೊಬ್ಬರು ಕಾಯುವ ಕಾವಲಾಯಿತು. 1910ರಲ್ಲಿ, 81ರ ಮುದುಕ ತನಗೊಬ್ಬನಿಗೇ ಎಂದು ಗುಟ್ಟಿನ ದಿನಚರಿ ಆರಂಭಿಸಿ, ಅದನ್ನು ಬೂಟಿನೊಳಗೆ ಬಚ್ಚಿಟ್ಟರು. ಹೆಂಡತಿ ಅದನ್ನೂ ಹುಡುಕಿ ತೆಗೆದಳು. ಅದೇ ವರ್ಷದ ಚಳಿಗಾಲದ ಆರಂಭದಲ್ಲಿ ಒಂದು ರಾತ್ರಿ, ಆಕೆ ತನ್ನ ಕಾಗದಪತ್ರ ತಡಕಾಡುವ ಸದ್ದು ಕೇಳಿ ಎಚ್ಚತ್ತ ಅವರು ಮನೆ ಬಿಟ್ಟು ಹೊರಟೇಹೋದರು. ಬಿಟ್ಟುಹೋದ ಪತ್ರದಲ್ಲಿ 48 ವರ್ಷಗಳ ಸಹಜೀವನಕ್ಕೆ ಕೃತಜ್ಞತೆಯಿತ್ತು, ಕ್ಷಮೆಯ ಬೇಡಿಕೆಯಿತ್ತು. ಕೆಲವೇ ದಿನಗಳಲ್ಲಿ ಅಸ್ತಾಪೊವೊ ಎಂಬ ರೈಲುನಿಲ್ದಾಣದಲ್ಲಿ ಕೊನೆಯುಸಿರೆಳೆದರು. ಅವರಿಗೆ ಪ್ರಜ್ಞೆ ತಪ್ಪಿದ ಮೇಲಷ್ಟೇ ಹೆಂಡತಿಯನ್ನು ಹತ್ತಿರ ಬಿಟ್ಟರು.

ಹಾಗಾದರೆ ಸತ್ಯ ಹೇಳಿದ್ದೇ ತಪ್ಪಾಯಿತೇ? ಹಾಗೆಂದು ತೀರ್ಪು ಕೊಡುವುದು ಸುಲಭವಲ್ಲ. ಮೋಸಮಾಡಿ ಮದುವೆಯಾಗುವವರ ಮುಂದೆ ಟಾಲ್‌ಸ್ಟಾಯ್ ಎಷ್ಟೋ ಮೇಲು. ಆದರೆ ನಾವು ಕೇಳಿಕೊಳ್ಳಬೇಕಾದ ಇನ್ನೊಂದು ಪ್ರಶ್ನೆಯಿದೆ: ಆ ಸತ್ಯವನ್ನು ಅವರು ಹೇಳಿದ್ದು ಯಾರ ಒಳಿತಿಗಾಗಿ? ಸೋಫಿಯಾಳ ಒಳಿತಿಗಾಗಿಯೋ ತಮ್ಮ ಎದೆಭಾರ ಇಳಿಸಿಕೊಳ್ಳಲೋ? ತಲೆಯ ಮೇಲಿನ ಮೂಟೆಯನ್ನು ಹದಿನೆಂಟರ ಹುಡುಗಿಯ ತಲೆಗೆ ದಾಟಿಸಿದರೆ ಹೊತ್ತವನಿಗೆ ಹಗುರಾದೀತು. ಮೂಟೆಯೇನೂ ಇಲ್ಲವಾಗಲಿಲ್ಲ.

ಧರ್ಮಸಭೆ ಇಲ್ಲಿ ಎರಡು ಮಾತುಗಳನ್ನು ಒಟ್ಟಿಗೆ ಹೇಳುತ್ತದೆ. ಮೊದಲನೆಯದು, ಜೊತೆಗಾರರ ಬಾಳಿಗೆ ಸಂಬಂಧಪಟ್ಟದ್ದನ್ನು ಮರೆಮಾಚಬಾರದು. ದಾಂಪತ್ಯವನ್ನು ಗಂಭೀರವಾಗಿ ಕದಡಬಲ್ಲ ಗುಣವೊಂದನ್ನು ಒಪ್ಪಿಗೆ ಪಡೆಯುವ ಸಲುವಾಗಿಯೇ ಮೋಸದಿಂದ ಮುಚ್ಚಿಟ್ಟರೆ ಆ ವಿವಾಹವೇ ಅಸಿಂಧುವೆಂದು 1983ರ ಧರ್ಮಸಭಾ ಕಾನೂನು ಸಂಹಿತೆ ಹೇಳುತ್ತದೆ. ಹುಟ್ಟಿರುವ ಮಗು, ಅಂಟುವ ಕಾಯಿಲೆ, ಬೆನ್ನಿಗಿರುವ ದೊಡ್ಡ ಸಾಲ, ಬಿಡಲಾಗದ ಕುಡಿತ, ಇವನ್ನು ಹೇಳಲೇಬೇಕು, ಮದುವೆಗೆ ಮುಂಚೆಯೇ ಹೇಳಬೇಕು. "ಮದುವೆಯಾದರೆ ಸರಿಹೋಗ್ತಾನ" ಎಂದು ಹಿರಿಯರು ಕುಡುಕ ಮಗನ ವಿಷಯ ಮುಚ್ಚಿಟ್ಟು ಇನ್ನೊಬ್ಬರ ಮಗಳನ್ನು ತರುವುದು ಪಾಪವೇ ಸರಿ.

ಎರಡನೆಯದು, ಸುಳ್ಳು ಎಂದಿಗೂ ಸಲ್ಲದಾದರೂ, ಎಲ್ಲ ಸತ್ಯವನ್ನೂ ಎಲ್ಲರಿಗೂ ಹೇಳಲೇಬೇಕೆಂಬ ಕಟ್ಟಳೆಯಿಲ್ಲ. 1992ರ ಕಥೋಲಿಕ ಧರ್ಮಸಭೆಯ ಧರ್ಮೋಪದೇಶ ಗ್ರಂಥವು ಪ್ರೀತಿಯನ್ನೂ ಪರರ ಒಳಿತನ್ನೂ ನೋಡಿ ಮಾತನಾಡಲು, ಬೇಕಾದಲ್ಲಿ ಮೌನವಿರಲು ಕಲಿಸುತ್ತದೆ. ಪಶ್ಚಾತ್ತಾಪಪಟ್ಟು, ಪಾಪನಿವೇದನೆ ಮಾಡಿ, ಬಿಟ್ಟುಬಂದ ಹಳೆಯ ಪಾಪಗಳ ಒಂದೊಂದು ವಿವರವನ್ನೂ ಹೆಂಡತಿಯ ಮುಂದೆ ಹರಡಬೇಕಿಲ್ಲ. ಪಾಪನಿವೇದನೆಯ ಗುಟ್ಟನ್ನು ಗುರು ಪ್ರಾಣ ಹೋದರೂ ಬಿಟ್ಟುಕೊಡುವಂತಿಲ್ಲ. ಆ ಭಾರ ಇಳಿಸಲು ದೇವರು ಕೊಟ್ಟ ಜಾಗ ಅದು. ಹೆಂಡತಿ ಬಾಳಸಂಗಾತಿ, ಆಕೆಯನ್ನು ಪಾಪನಿವೇದನೆಯ ಪೀಠದಲ್ಲಿ ಕೂರಿಸಬೇಡಿ.

ನಮ್ಮ ಆಲಮಟ್ಟಿಯ ಅಣೆಕಟ್ಟೆಗೆ 26 ಗೇಟುಗಳಿವೆ. ಮಳೆಗಾಲದಲ್ಲಿ ಕೃಷ್ಣೆ ತುಂಬಿ ಬಂದಾಗ ನೀರನ್ನು ತಡೆದೇ ಇಟ್ಟರೆ ಅಪಾಯ. ಹಾಗೆಂದು ಎಲ್ಲ ಗೇಟುಗಳನ್ನೂ ಒಮ್ಮೆಲೇ ಎತ್ತಿದರೆ ಕೆಳಗಿನವರ ಹೊಲಮನೆಗಳ ಗತಿಯೇನು? ಮೊದಲು ನದಿದಂಡೆಯ ಊರುಗಳಿಗೆ ಎಚ್ಚರಿಕೆ ಹೋಗುತ್ತದೆ, ಆಮೇಲೆ ಅಳತೆಯಿಂದ ನೀರು ಬಿಡುತ್ತಾರೆ. ಮನೆಯಲ್ಲಿ ಸತ್ಯ ಹೇಳುವವನೂ ಕೆಳಗಿನ ದಂಡೆಯಲ್ಲಿ ಯಾರಿದ್ದಾರೆಂದು ನೋಡಬೇಕು. ಸಂತ ಪೌಲರು ಎಫೆಸದವರಿಗೆ ಬರೆದ ಪತ್ರದಲ್ಲಿ ಸತ್ಯವನ್ನು ಪ್ರೀತಿಯೊಂದಿಗೆ ಜೋಡಿಸುವುದೂ ಇದಕ್ಕಾಗಿಯೇ. ಸಮಾರಿಯದ ಸ್ತ್ರೀಗೆ ಯೇಸುಸ್ವಾಮಿ ಆಕೆಯ ಐವರು ಗಂಡಂದಿರ ಮಾತೆತ್ತಿದರು. ಆದರೆ ಆಕೆಗೆ ನಾಚಿಕೆಯಲ್ಲ, ಬಿಡುಗಡೆ ಸಿಕ್ಕಿತು.

ಟಾಲ್‌ಸ್ಟಾಯ್‌ಗೆ ಇದು ತಿಳಿದಿರಲಿಲ್ಲವೇ? ‘ಅನ್ನಾ ಕರೆನಿನಾ’ ಕಾದಂಬರಿಯಲ್ಲಿ ಲೆವಿನ್ ತನ್ನ ವಧು ಕಿಟ್ಟಿಗೆ ದಿನಚರಿ ಕೊಟ್ಟು ಆಕೆಯನ್ನು ಅಳಿಸುತ್ತಾನೆ. ಅದೇ ಲೆವಿನ್ ಕಾದಂಬರಿಯ ಕೊನೆಯಲ್ಲಿ, ದೇವರನ್ನು ಕುರಿತು ತನ್ನೊಳಗೆ ಮೂಡಿದ ಬೆಳಕನ್ನು ಹೆಂಡತಿಗೆ ಹೇಳಲು ಹೊರಟು, ಬೇಡವೆಂದು ಸುಮ್ಮನಾಗುತ್ತಾನೆ. ಕಥೆಯಲ್ಲಿ ಕಂಡ ಆ ಮೌನ, ಬರೆದವರ ಮನೆಯಲ್ಲಿ ನೆಲೆಸಲಿಲ್ಲ.

ಇಂದು ನಮ್ಮ ದಿನಚರಿ ಮೊಬೈಲ್ ಫೋನಿನಲ್ಲಿದೆ. ಗಂಡ ಸ್ನಾನಕ್ಕೆ ಹೋದಾಗ ಹೆಂಡತಿ, ಹೆಂಡತಿ ಮಲಗಿದಾಗ ಗಂಡ, ಕದ್ದು ತೆರೆಯುವ ಮನೆಗಳಿವೆ. ತಾಯಂದಿರೇ, ಸಹೋದರರೇ, ಬೂಟಿನೊಳಗಿನ ಆ ದಿನಚರಿಯನ್ನು ನೆನೆಯಿರಿ. ಹುಡುಕಿದವಳಿಗೂ ನೆಮ್ಮದಿ ಸಿಗಲಿಲ್ಲ, ಬಚ್ಚಿಟ್ಟವನಿಗೂ ಸಿಗಲಿಲ್ಲ. ಅನುಮಾನವಿದ್ದರೆ ಎದುರು ಕೂತು ಕೇಳಿರಿ. ಆದರೆ ಮೌನದ ನೆವದಲ್ಲಿ ಇಂದಿನ ಪಾಪವನ್ನು ಮುಂದುವರಿಸಬೇಡಿರಿ. ಅದು ಗುಟ್ಟಲ್ಲ, ದ್ರೋಹ.

ಬಾಯಿ ತೆರೆಯುವ ಮುನ್ನ ಈ ಮೂರನ್ನು ಪ್ರಾರ್ಥನೆಯಲ್ಲಿ ಕೇಳಿಕೊಳ್ಳಿ: ಇದನ್ನು ತಿಳಿಯುವ ಹಕ್ಕು ಆಕೆಗಿದೆಯೇ? ಇದರಿಂದ ಆಕೆಗೆ ಒಳಿತಾಗುವುದೇ? ಹೇಳಿದ ಮೇಲೆ ಆಕೆಯ ಕಣ್ಣೀರಿನ ಬಳಿ ಕೂರುವ ತಾಳ್ಮೆ ನನಗಿದೆಯೇ? ಇದ್ದರೆ ಹೇಳಿ. ಪ್ರಭುವು ನಿಮ್ಮಿಬ್ಬರ ನಡುವೆ ಇರುತ್ತಾರೆ.